ಮೈಸೂರಿನ ಪಾರಂಪರಿಕ ನಡಿಗೆ ಮತ್ತು ಆಹಾರದ ಇತಿಹಾಸ: ಬಿಳಿಕೆರೆಯ ಕವಲಿನಿಂದ ಒಂದು ಅವಲೋಕನ

ಮೈಸೂರು ನಗರದಲ್ಲಿ ಪ್ರವಾಸಿಗಳನ್ನು ಕಾಲ್ನಡಿಗೆಯಲ್ಲಿ ಕರೆದೊಯ್ದು ಹಳೆಯ ಕಟ್ಟಡಗಳ ಇತಿಹಾಸವನ್ನು ಹೇಳುವ ಪದ್ಧತಿ ಈಚಿನ ದಶಕಗಳಲ್ಲಿ ಬೇರೂರಿದೆ. ದಸರೆಯ ದಿನಗಳಲ್ಲಿ ರಾಜ್ಯದ ಪುರಾತತ್ತ್ವ ಮತ್ತು ಪರಂಪರೆಯ ಇಲಾಖೆ ಇಂಥ ಪಾರಂಪರಿಕ ನಡಿಗೆಗಳನ್ನು ಏರ್ಪಡಿಸುತ್ತ ಬಂದಿದೆ. ಉಳಿದ ದಿನಗಳಲ್ಲಿ ಖಾಸಗಿ ಮಾರ್ಗದರ್ಶಕರು ಈ ಕೆಲಸವನ್ನು ನಡೆಸುತ್ತಾರೆ. ಇವರಲ್ಲಿ ಕೆಲವರು ಕಟ್ಟಡಗಳ ಜೊತೆಗೆ ಊರಿನ ತಿಂಡಿತೀರ್ಥಗಳನ್ನೂ ಸೇರಿಸಿ, ಒಂದೆಡೆ ದೋಸೆ, ಇನ್ನೊಂದೆಡೆ ಕಾಫಿ, ಕೊನೆಗೆ ಮೈಸೂರು ಪಾಕು, ಹೀಗೆ ನೋಟವನ್ನೂ ರುಚಿಯನ್ನೂ ಒಂದೇ ದಾರಿಯಲ್ಲಿ ಹೊಂದಿಸುತ್ತಾರೆ. ಇದು ಸಂತೋಷದ ಸಂಗತಿಯೇ ಸರಿ. ಆದರೆ ತಿನಿಸು ಇತಿಹಾಸಕ್ಕೆ ಸಾಕ್ಷಿಯಾಗಬೇಕಾದರೆ ಯಾವ ನಿಯಮಕ್ಕೆ ಒಳಪಡಬೇಕು, ಆ ಸಾಕ್ಷ್ಯವನ್ನು ಎಲ್ಲಿಯವರೆಗೆ ಹಿಂಬಾಲಿಸಬೇಕು ಎಂಬ ಪ್ರಶ್ನೆಯನ್ನು ಇತಿಹಾಸದ ಅಧ್ಯಾಪಕರೂ ವಿದ್ಯಾರ್ಥಿಗಳೂ ಕೇಳಿಕೊಳ್ಳಬೇಕಾಗಿದೆ. ಆ ಪ್ರಶ್ನೆಯನ್ನು ವಿವೇಚಿಸುವುದೇ ಈ ಲೇಖನದ ಉದ್ದೇಶ.

ಮೊದಲು ನಡಿಗೆಯ ದಾರಿಯನ್ನು ನೋಡೋಣ. ದಿವಾನ್ ರಂಗಾಚಾರ್ಲು ಅವರ ಸ್ಮರಣೆಗಾಗಿ 1884ರಲ್ಲಿ ಅಡಿಗಲ್ಲು ಕಂಡ ಪುರಭವನ, 1886ರಲ್ಲಿ ವೈಸರಾಯ್ ಡಫ್ರಿನ್ನನ ಭೇಟಿಯ ನೆನಪಿಗೆ ಎದ್ದ ಚಿಕ್ಕ ಗಡಿಯಾರ, ಅದರ ಬಳಿಯ ದೇವರಾಜ ಮಾರುಕಟ್ಟೆ, ನಾಲ್ವಡಿ ಕೃಷ್ಣರಾಜ ಒಡೆಯರ ಆಳಿಕೆಯ ರಜತೋತ್ಸವಕ್ಕಾಗಿ 1927ರಲ್ಲಿ ನಿಂತ ದೊಡ್ಡ ಗಡಿಯಾರ, ಕಡೆಗೆ ಅರಮನೆ. ಹಳೆಯ ಮರದ ಅರಮನೆ 1897ರಲ್ಲಿ ಬೆಂಕಿಗೆ ಆಹುತಿಯಾದ ಮೇಲೆ ಹೆನ್ರಿ ಇರ್ವಿನ್ನನ ಯೋಜನೆಯಂತೆ ಈಗಿನ ಕಟ್ಟಡ ಆರಂಭವಾಗಿ 1912ರಲ್ಲಿ ಪೂರ್ಣಗೊಂಡಿತೆಂಬುದು ಎಲ್ಲರಿಗೂ ತಿಳಿದ ವಿಷಯ. ಈ ಕಟ್ಟಡಗಳ ಬಗ್ಗೆ ಮಾರ್ಗದರ್ಶಕರು ಹೇಳುವ ಮಾತಿಗೆ ಶಿಲಾಫಲಕ, ಸರ್ಕಾರಿ ಕಡತ, ಭಾವಚಿತ್ರಗಳ ಆಧಾರವುಂಟು. ತಿನಿಸಿನ ವಿಷಯಕ್ಕೆ ಬಂದರೆ ಆಧಾರದ ಸ್ವರೂಪವೇ ಬೇರೆಯಾಗುತ್ತದೆ.

ಮೈಸೂರು ಪಾಕನ್ನೇ ಉದಾಹರಣೆಯಾಗಿ ತೆಗೆದುಕೊಳ್ಳಬಹುದು. ನಾಲ್ವಡಿಯವರ ಕಾಲದಲ್ಲಿ ಅರಮನೆಯ ಅಡುಗೆಯವರಾದ ಕಾಕಾಸುರ ಮಾದಪ್ಪನವರು ಕಡಲೆಹಿಟ್ಟು, ತುಪ್ಪ, ಸಕ್ಕರೆಗಳಿಂದ ಇದನ್ನು ಮೊದಲು ಮಾಡಿದರೆಂದು ಪ್ರತೀತಿ. ಅವರ ವಂಶದವರ ಅಂಗಡಿ ಸಯ್ಯಾಜಿರಾವ್ ರಸ್ತೆಯಲ್ಲಿ ಇಂದಿಗೂ ಉಂಟು. ನಡಿಗೆಯವರು ಅಲ್ಲಿ ನಿಲ್ಲುವುದು ವಾಡಿಕೆ. ಇಲ್ಲಿ ನಾವು ಕಾಣುವುದು ಮನೆತನದ ಮೌಖಿಕ ಪರಂಪರೆ. ಮೌಖಿಕ ಪರಂಪರೆಯೆಂದು ಇದನ್ನು ತಳ್ಳಿಹಾಕುವುದು ತಪ್ಪು. ಶಾಸನವೆಂಬಂತೆ ಒಪ್ಪುವುದೂ ತಪ್ಪು. 'ಹೀಗೆ ಹೇಳುತ್ತಾರೆ' ಎಂಬುದಕ್ಕೂ 'ಹೀಗೆ ನಡೆಯಿತು' ಎಂಬುದಕ್ಕೂ ಇರುವ ಅಂತರವನ್ನು ಕೇಳುಗರಿಗೆ ತಿಳಿಸುವುದು ಮಾರ್ಗದರ್ಶಕನ ಮೊದಲ ಕರ್ತವ್ಯವೆಂದು ನಮ್ಮ ಅಭಿಪ್ರಾಯ. ಹಾಗೆ ತಿಳಿಸುವುದರಿಂದ ಸಿಹಿಯ ರುಚಿಯೇನೂ ಕೆಡುವುದಿಲ್ಲ.

ಇನ್ನು ದೋಸೆ. ಚಾಲುಕ್ಯ ಚಕ್ರವರ್ತಿ ಮೂರನೆಯ ಸೋಮೇಶ್ವರನು 12ನೆಯ ಶತಮಾನದಲ್ಲಿ ರಚಿಸಿದ 'ಮಾನಸೋಲ್ಲಾಸ'ದಲ್ಲಿ ದೋಸೆಯ ಹೆಸರು ಬರುತ್ತದೆ. ಆದಕಾರಣ ದೋಸೆ ಹಳೆಯದು. ಆದರೆ 'ಮೈಸೂರು ಮಸಾಲೆ ದೋಸೆ'ಯೊಳಗೆ ಸವರುವ ಕೆಂಪು ಚಟ್ನಿಯ ಮೆಣಸಿನಕಾಯಿ ಈ ದೇಶದ್ದಲ್ಲ. ಅದರ ಮಡಿಕೆಯಲ್ಲಿರುವ ಆಲೂಗೆಡ್ಡೆಯೂ ಈ ದೇಶದ್ದಲ್ಲ. ಇವೆರಡೂ ಅಮೆರಿಕ ಖಂಡದಿಂದ ಯೂರೋಪಿನ ಹಡಗುಗಳಲ್ಲಿ ಬಂದವು. ಕರೀಬಿಯನ್ ದ್ವೀಪದ ಜನರು ಉಪಯೋಗಿಸುತ್ತಿದ್ದ ಮೆಣಸಿನಕಾಯಿಯನ್ನು ಕೊಲಂಬಸನು 1493ರ ಆರಂಭದಲ್ಲಿ ತನ್ನ ದಿನಚರಿಯಲ್ಲಿ ಗುರುತಿಸಿದ್ದಾನೆ. ಪೋರ್ಚುಗೀಸರ ಮೂಲಕ ಅದು 16ನೆಯ ಶತಮಾನದಲ್ಲಿ ನಮ್ಮ ಕರಾವಳಿಯನ್ನು ಮುಟ್ಟಿತು. ಅದೇ 1493ರಲ್ಲಿ ಕೊಲಂಬಸನು ತನ್ನ ಎರಡನೆಯ ಯಾನದಲ್ಲಿ ಕಬ್ಬನ್ನು ಆ ದ್ವೀಪಗಳಿಗೆ ಒಯ್ದನು. ಕಬ್ಬಿನ ಹಾಲಿನಿಂದ ಸಕ್ಕರೆಯನ್ನು ಹರಳುಗಟ್ಟಿಸುವ ವಿದ್ಯೆಗಾದರೋ ಭಾರತವೇ ತವರು. ಹೀಗೆ ಮೈಸೂರಿನ ಒಂದು ಬೀದಿಯ ಎರಡು ತಿನಿಸುಗಳಲ್ಲಿ ಎರಡು ಖಂಡಗಳ ಕೊಡುಕೊಳೆಯ ಇತಿಹಾಸ ಅಡಗಿದೆ.

ಇದೇ ಕಾರಣದಿಂದ ಕರೀಬಿಯನ್ ನಗರಗಳ ಉದಾಹರಣೆ ನಮಗೆ ಉಪಯುಕ್ತವಾಗಿದೆ. ಟ್ರಿನಿಡಾಡಿನ ರಾಜಧಾನಿಯಾದ ಪೋರ್ಟ್ ಆಫ್ ಸ್ಪೇನಿನಲ್ಲಿ ಸುತ್ತುವವನಿಗೆ 'ಡಬಲ್ಸ್' ಎಂಬ ತಿಂಡಿ ಸಿಕ್ಕದೆ ಇರದು: ಕರಿದ ಎರಡು ಮೆತ್ತನೆಯ ರೊಟ್ಟಿಗಳ ನಡುವೆ ಬೇಯಿಸಿದ ಕಡಲೆ. ಆ ಕಡಲೆ ಅಲ್ಲಿಗೆ ಹೇಗೆ ಬಂದಿತೆಂದು ಕೇಳಿದರೆ ಉತ್ತರವು ನಗರದಲ್ಲಿ ಸಿಗುವುದಿಲ್ಲ, ಕಬ್ಬಿನ ತೋಟಗಳಲ್ಲಿ ಸಿಗುತ್ತದೆ. ಗುಲಾಮಗಿರಿ ರದ್ದಾದ ಮೇಲೆ ತೋಟದ ಕೆಲಸಕ್ಕಾಗಿ 1845ರಿಂದ ಭಾರತೀಯರನ್ನು ಕರಾರಿನ ಕೂಲಿಗಳಾಗಿ ಅಲ್ಲಿಗೆ ಸಾಗಿಸಲಾಯಿತು. 1917ರಲ್ಲಿ ಆ ಸಾಗಣೆ ನಿಂತಿತು. ತಿಂಡಿಯನ್ನು ಕೊಟ್ಟು ಕೂಲಿಯ ಕಥೆಯನ್ನು ಹೇಳದ ಮಾರ್ಗದರ್ಶಕನು ಅರ್ಧ ಇತಿಹಾಸವನ್ನು ಮಾತ್ರ ಹೇಳಿದಂತಾಯಿತು. ಮೈಸೂರಿನ ನಡಿಗೆಗೂ ಇದೇ ಮಾತು ಸಲ್ಲುತ್ತದೆ. ಅದು ಅರಮನೆಯ ಅಡುಗೆಮನೆಯನ್ನೂ ಅಂಗಡಿಯ ಬಾಣಲೆಯನ್ನೂ ತೋರಿಸುತ್ತದೆ. ಅನ್ನ ಬೆಳೆದ ನಾಡನ್ನು ತೋರಿಸುವುದಿಲ್ಲ. ಆ ನಾಡನ್ನು ಅರಿಯಲು ಮೈಸೂರಿನ ಪಶ್ಚಿಮಕ್ಕೆ ಹೋಗಬೇಕು.

ಮೈಸೂರಿನಿಂದ ಹುಣಸೂರಿಗೆ ಹೋಗುವ ಹೆದ್ದಾರಿಯಲ್ಲಿ ಬಿಳಿಕೆರೆ ಇದೆ. ಇಲ್ಲಿ ದಾರಿ ಕವಲೊಡೆಯುತ್ತದೆ. ಒಂದು ಕವಲು ಕೃಷ್ಣರಾಜನಗರದ ಮೂಲಕ ಹಾಸನದ ಕಡೆಗೆ ತಿರುಗುತ್ತದೆ. ಇನ್ನೊಂದು ಹುಣಸೂರು, ಪಿರಿಯಾಪಟ್ಟಣಗಳನ್ನು ದಾಟಿ ಕೊಡಗಿಗೆ ಸಾಗುತ್ತದೆ. ಹುಣಸೂರಿನ ದಕ್ಷಿಣಕ್ಕೆ ಹೆಗ್ಗಡದೇವನಕೋಟೆಯ ಕಾಡುಸೀಮೆ. ಮೈಸೂರಿನ ಅರಸು ಮನೆತನಗಳ ಹೆಸರಿನೊಡನೆ ಬಿಳಿಕೆರೆಯ ಹೆಸರು ಸೇರಿಕೊಂಡಿದೆಯಾದರೂ ಪ್ರವಾಸಿಗಳು ಇಲ್ಲಿ ಇಳಿಯುವುದಿಲ್ಲ. ಬಸ್ಸಿನ ಕಿಟಕಿಯಿಂದ ನೋಡಿ ಮುಂದೆ ಹೋಗುತ್ತಾರೆ. ಆದರೆ ಆಹಾರದ ಇತಿಹಾಸವನ್ನು ಅರಸುವವನಿಗೆ ಈ ಕವಲು ಒಳ್ಳೆಯ ನಿಲ್ದಾಣ. ಒಂದು ಕಡೆ ಭತ್ತದ ಬಯಲು, ಇನ್ನೊಂದು ಕಡೆ ರಾಗಿಯೂ ಹೊಗೆಸೊಪ್ಪೂ ಬೆಳೆಯುವ ಕೆಮ್ಮಣ್ಣು, ಅದರಾಚೆ ಬಿದಿರಿನ ಕಾಡು.

ಹುಣಸೂರಿನ ಸೀಮೆಗೆ ಕನ್ನಡ ಪಾಕಶಾಸ್ತ್ರದ ಚರಿತ್ರೆಯಲ್ಲಿ ಅನನ್ಯವಾದ ಸ್ಥಾನವಿದೆ. 16ನೆಯ ಶತಮಾನದ ಆರಂಭದಲ್ಲಿದ್ದ ಮೂರನೆಯ ಮಂಗರಸನು ಇಲ್ಲಿಯ ಕಲ್ಲಹಳ್ಳಿಯ ಪ್ರಭು; ಚಂಗಾಳ್ವ ಅರಸರ ಆಶ್ರಯದಲ್ಲಿದ್ದ ಮನೆತನದವನು; ಜೈನ ಕವಿ. ಅವನ 'ನೇಮಿಜಿನೇಶ ಸಂಗತಿ', 'ಸಮ್ಯಕ್ತ್ವಕೌಮುದಿ'ಗಳನ್ನು ನಮ್ಮ ತರಗತಿಗಳಲ್ಲಿ ಹೆಸರಿಸುವುದುಂಟು. ಅವನೇ ವಾರ್ಧಕ ಷಟ್ಪದಿಯಲ್ಲಿ 'ಸೂಪಶಾಸ್ತ್ರ'ವೆಂಬ ಅಡುಗೆಯ ಗ್ರಂಥವನ್ನೂ ರಚಿಸಿದ್ದಾನೆ. ಇದಕ್ಕೆ ಮೊದಲು 11ನೆಯ ಶತಮಾನದಲ್ಲಿ ಎರಡನೆಯ ಚಾವುಂಡರಾಯನು ತನ್ನ 'ಲೋಕೋಪಕಾರ'ದಲ್ಲಿ ಅಡುಗೆಗೆ ಒಂದು ಭಾಗವನ್ನು ಮೀಸಲಿಟ್ಟಿದ್ದನಾದರೂ, ಇಡೀ ಗ್ರಂಥವನ್ನೇ ಅಡುಗೆಗೆ ಮುಡಿಪಾಗಿಟ್ಟುದು ಮಂಗರಸನ ವಿಶೇಷ. ಹಿಟ್ಟಿನ ಭಕ್ಷ್ಯಗಳು, ಪಾನಕಗಳು, ಅನ್ನದ ಬಗೆಗಳು, ಬದನೆ, ಹಲಸು, ಬಾಳೆ, ಕಳಲೆ ಮೊದಲಾದವುಗಳ ಪಾಕಗಳು ಅಲ್ಲಿ ಬರುತ್ತವೆ. ಮೆಣಸಿನಕಾಯಿ ಇನ್ನೂ ಒಳನಾಡನ್ನು ಮುಟ್ಟದ ಕಾಲದ ಅಡುಗೆ ಅದು. ಖಾರಕ್ಕೆ ಕಾಳುಮೆಣಸೇ ಆಧಾರ. ಮೈಸೂರಿನ ದೋಸೆಯ ಮುಂದೆ ಕುಳಿತ ವಿದ್ಯಾರ್ಥಿಗೆ, ಒಂದು ದಿನದ ಪಯಣದೊಳಗಿನ ಹಳ್ಳಿಯಲ್ಲಿ ಐದು ಶತಮಾನಗಳ ಹಿಂದೆ ಇಂಥ ಗ್ರಂಥ ಹುಟ್ಟಿತೆಂದು ತಿಳಿಸುವುದು ಎಷ್ಟು ಸುಲಭ, ಎಷ್ಟು ಪ್ರಯೋಜನಕರ! ಈಚಿನ ಇತಿಹಾಸದಲ್ಲಿ ಮುಖ್ಯಮಂತ್ರಿ ಡಿ. ದೇವರಾಜ ಅರಸು ಅವರ ಊರೆಂದೂ ಕಲ್ಲಹಳ್ಳಿ ಪ್ರಸಿದ್ಧವಾಗಿದೆ.

ಗ್ರಂಥದ ಸಾಕ್ಷ್ಯಕ್ಕೂ ಒಂದು ಮಿತಿಯುಂಟು. ಮಂಗರಸನು ಕಳಲೆಯ ಪಾಕವನ್ನು ಹೇಳುತ್ತಾನೆ. ಕಳಲೆಯೆಂದರೆ ಬಿದಿರಿನ ಎಳೆಯ ಮೊಳಕೆ; ಮಳೆಗಾಲದಲ್ಲಿ ಕಾಡಿನಿಂದ ತರಬೇಕಾದ ವಸ್ತು. ಪ್ರಭುವಿನ ಅಡುಗೆಮನೆಗೆ ಅದನ್ನು ಕಡಿದು ತಂದವರು ಯಾರೆಂಬುದಕ್ಕೆ ಪಾಕಶಾಸ್ತ್ರದಲ್ಲಿ ಎಡೆಯಿಲ್ಲ. ಹುಣಸೂರು, ಹೆಗ್ಗಡದೇವನಕೋಟೆಗಳ ಕಾಡಂಚಿನಲ್ಲಿ ವಾಸಿಸುವ ಜೇನುಕುರುಬರು, ಬೆಟ್ಟಕುರುಬರು ತಲೆಮಾರುಗಳಿಂದ ಜೇನು, ಗೆಡ್ಡೆಗೆಣಸು, ಸೊಪ್ಪು, ಕಳಲೆಗಳನ್ನು ಬಲ್ಲವರು. ನಾಗರಹೊಳೆ 1955ರಲ್ಲಿ ಅಭಯಾರಣ್ಯವಾಗಿ, 1988ರಲ್ಲಿ ರಾಷ್ಟ್ರೀಯ ಉದ್ಯಾನವಾಯಿತು. ಕಬಿನಿಗೆ ಬೀದರಹಳ್ಳಿಯ ಬಳಿ ಕಟ್ಟಿದ ಅಣೆಕಟ್ಟು 1974ರಲ್ಲಿ ಮುಗಿದು ಹೆಗ್ಗಡದೇವನಕೋಟೆಯ ಬಯಲನ್ನೂ ಕಾಡನ್ನೂ ಮುಳುಗಿಸಿತು. ಇವುಗಳ ಪರಿಣಾಮವಾಗಿ ಅನೇಕ ಹಾಡಿಗಳು ಕಾಡಿನಿಂದ ಹೊರಬಿದ್ದವು; ಹುಣಸೂರು ತಾಲ್ಲೂಕಿನ ನಾಗಾಪುರದಂಥ ಪುನರ್ವಸತಿ ನೆಲೆಗಳು ಹುಟ್ಟಿದವು. 2006ರ ಅರಣ್ಯಹಕ್ಕು ಕಾಯಿದೆ ಕಾಡಿನ ಕಿರು ಉತ್ಪನ್ನಗಳ ಮೇಲೆ ಇವರ ಹಕ್ಕನ್ನು ಮಾನ್ಯಮಾಡಿತಾದರೂ ಅದರ ಅನುಷ್ಠಾನದ ವ್ಯಾಜ್ಯ ಮುಗಿದಿಲ್ಲ.

ಈಗ ದಸರೆಯ ಆಹಾರ ಮೇಳಕ್ಕೆ ಹಿಂತಿರುಗೋಣ. ಅಲ್ಲಿ ಹಾಡಿಯ ಜನರು ಬಿದಿರಿನ ಅಂಡೆಯಲ್ಲಿ ಅಕ್ಕಿಯನ್ನೂ ಕೋಳಿಮಾಂಸವನ್ನೂ ತುಂಬಿ ಕೆಂಡದ ಮೇಲೆ ಬೇಯಿಸುತ್ತಾರೆ. 'ಬಂಬೂ ಬಿರಿಯಾನಿ' ಎಂಬ ಹೆಸರಿನಿಂದ ಅದು ಪ್ರಸಿದ್ಧವಾಗಿದೆ. ಅದಕ್ಕಾಗಿ ನಗರದವರು ಸಾಲುಗಟ್ಟಿ ನಿಲ್ಲುತ್ತಾರೆ. ಆ ಹೆಸರಿನಲ್ಲಿ ಒಂದು ಪದ ಇಂಗ್ಲಿಷಿನಿಂದ, ಮತ್ತೊಂದು ಪಾರಸಿಯಿಂದ ಬಂದುದು. ಮಾಡುವವರ ನುಡಿಯ ಪದ ಒಂದೂ ಇಲ್ಲ. ಮೇಳದಲ್ಲಿ ಅವರಿಗೆ ನಾಲ್ಕು ಕಾಸು ದೊರೆಯುತ್ತದೆ, ಗೌರವವೂ ದೊರೆಯುತ್ತದೆ. ಅದನ್ನು ಅಲ್ಲಗಳೆಯುವುದು ನ್ಯಾಯವಲ್ಲ. ಆದರೆ ಕಾಡಿನ ಬಿದಿರು ರುಚಿಯಾಗಿ ನಗರಕ್ಕೆ ಬಂದುದನ್ನು ಸವಿದವನು, ಆ ಕಾಡಿನಲ್ಲಿದ್ದವರು ಏಕೆ ಹೊರಗೆ ಬಂದರೆಂಬುದನ್ನು ಕೇಳದೆ ಮನೆಗೆ ಹೋದರೆ ಅವನು ಪರಂಪರೆಯನ್ನು ನೋಡಿದಂತಾಗಲಿಲ್ಲ.

ಬಿಳಿಕೆರೆಯ ಉಳಿದ ಕವಲುಗಳೂ ಹೀಗೆಯೇ ಪ್ರಶ್ನೆಗಳನ್ನೆತ್ತುತ್ತವೆ. ಕಾವೇರಿಯ ಕಾಲುವೆಗಳಿಂದ ನೀರುಣ್ಣುವ ಕೃಷ್ಣರಾಜನಗರ, ಹಿಂದಿನ ಎಡತೊರೆ ಸೀಮೆ, ಭತ್ತದ ಕಣಜವೆಂದು ಹೆಸರಾಗಿದೆ. ಹುಣಸೂರು, ಪಿರಿಯಾಪಟ್ಟಣಗಳ ಹೊಲದಲ್ಲಿ ವರ್ಜೀನಿಯಾ ಹೊಗೆಸೊಪ್ಪು ಬೆಳೆಯುತ್ತದೆ. ಎಲೆ ಹದಮಾಡುವ ಬ್ಯಾರನ್ನುಗಳು ಊರೂರಿನಲ್ಲಿ ಕಾಣುತ್ತವೆ. ಇದೂ ಅಮೆರಿಕದಿಂದ ಬಂದ ಗಿಡವೇ. ಮೆಣಸಿನಕಾಯಿ ನಮ್ಮ ಅಡುಗೆಯನ್ನು ಬದಲಿಸಿದರೆ, ಇದು ಹೊಲವನ್ನೇ ಬದಲಿಸಿತು. ಪಿರಿಯಾಪಟ್ಟಣ ತಾಲ್ಲೂಕಿನ ಬೈಲುಕುಪ್ಪೆಯಲ್ಲಿ 1960ರ ದಶಕದ ಆರಂಭದಿಂದ ನೆಲಸಿದ ಟಿಬೆಟಿನ ನಿರಾಶ್ರಿತರು ತಮ್ಮ ಮೊಮೊವನ್ನು ಈ ದಾರಿಗೆ ಸೇರಿಸಿದ್ದಾರೆ. ಮಂಗರಸನಿಂದ ಮೊಮೊದವರೆಗೆ ಈ ಸೀಮೆಯ ಊಟ ಎಂದೂ ನಿಂತ ನೀರಾಗಿರಲಿಲ್ಲ.

ಕೊನೆಯದಾಗಿ ದೇವರಾಜ ಮಾರುಕಟ್ಟೆಯ ವಿಷಯ. ನಂಜನಗೂಡಿನ ರಸಬಾಳೆ, ಮೈಸೂರಿನ ವೀಳ್ಯದೆಲೆ, ಮಲ್ಲಿಗೆ, ಸುತ್ತಲಿನ ತಾಲ್ಲೂಕುಗಳ ತರಕಾರಿ, ಇವೆಲ್ಲವೂ ಒಂದೆಡೆ ಸೇರುವುದು ಅಲ್ಲಿ. ಅದರ ಎದುರಿನ ಲ್ಯಾನ್ಸ್‌ಡೌನ್ ಕಟ್ಟಡದ ಒಂದು ಭಾಗ 2012ರ ಆಗಸ್ಟಿನಲ್ಲಿ ಕುಸಿದು ನಾಲ್ವರು ಸತ್ತರು. ಮಾರುಕಟ್ಟೆಯ ಉತ್ತರದ ಭಾಗ 2016ರ ಆಗಸ್ಟಿನಲ್ಲಿ ಕುಸಿಯಿತು. ದುರಸ್ತಿ ಮಾಡಬೇಕೋ ಕೆಡವಿ ಕಟ್ಟಬೇಕೋ ಎಂಬ ವಾದ ತಜ್ಞರ ಸಮಿತಿಗಳನ್ನೂ ನ್ಯಾಯಾಲಯವನ್ನೂ ಮುಟ್ಟಿತು. ಆ ವಾದದಲ್ಲಿ ಕಮಾನು, ಗಾರೆಗಳ ಮಾತು ಬಹಳವಾಗಿ ಕೇಳಿಬಂದಿತು. ಆದರೆ ಮಾರುಕಟ್ಟೆಯ ಪರಂಪರೆ ಗೋಡೆಯಲ್ಲಿ ಮಾತ್ರವಿಲ್ಲ. ಬೆಳಗಿನ ಜಾವಕ್ಕೆ ಹಳ್ಳಿಗಳಿಂದ ಬರುವ ಸರಕಿನಲ್ಲಿಯೂ ಅದನ್ನು ತರುವ ಜನರಲ್ಲಿಯೂ ಇದೆ. ಗೋಡೆ ಉಳಿದು ಆ ಸಂಬಂಧ ಕಡಿದುಹೋದರೆ ಉಳಿಯುವುದು ಚಿತ್ರವೊಂದೇ. ಗೋಡೆ ಬಿದ್ದರೆ ಆ ಸಂಬಂಧವನ್ನು ತೋರಿಸುವ ಸ್ಥಳವೂ ಇಲ್ಲದಾಗುತ್ತದೆ. ಇವೆರಡನ್ನೂ ಒಟ್ಟಿಗೆ ಕಾಯಬೇಕು.

ಮೇಲಿನ ವಿವೇಚನೆಯಿಂದ ಮೂರು ಸೂಚನೆಗಳನ್ನು ಅಧ್ಯಾಪಕರ ಮುಂದಿಡುತ್ತೇವೆ. ಒಂದನೆಯದು, ನಡಿಗೆಯಲ್ಲಿ ತಿನಿಸಿನ ಬಗ್ಗೆ ಹೇಳುವ ಪ್ರತಿಯೊಂದು ಮಾತಿಗೂ ಅದು ಗ್ರಂಥಸಾಕ್ಷ್ಯವೋ ಮೌಖಿಕ ಪರಂಪರೆಯೋ ಊಹೆಯೋ ಎಂಬುದನ್ನು ವಿದ್ಯಾರ್ಥಿ ಗುರುತುಮಾಡಿಕೊಳ್ಳಲಿ. ಎರಡನೆಯದು, ತಿನಿಸಿನ ಒಂದೊಂದು ಪದಾರ್ಥವೂ ಯಾವ ಹೊಲದಿಂದ, ಯಾವ ಕಾಡಿನಿಂದ, ಯಾರ ಕೈಯಿಂದ ಬಂದಿತೆಂದು ಹಿಂದಕ್ಕೆ ಹುಡುಕಲಿ. ಮೂರನೆಯದು, ವರ್ಷಕ್ಕೊಮ್ಮೆಯಾದರೂ ಕಾಲೇಜಿನ ತಂಡವೊಂದು ಮೈಸೂರಿನ ನಡಿಗೆಯನ್ನು ಮುಗಿಸಿದ ಮರುದಿನ ಬಿಳಿಕೆರೆಯಲ್ಲಿ ಇಳಿದು, ಅಲ್ಲಿಂದ ಕಲ್ಲಹಳ್ಳಿಗೂ ಕಾಡಂಚಿನ ಹಾಡಿಗೂ ಹೋಗಲಿ; ಅಲ್ಲಿಯ ಹಿರಿಯರನ್ನು ತಮ್ಮ ಊಟದ ಹೆಸರುಗಳನ್ನು ತಮ್ಮ ನುಡಿಯಲ್ಲಿಯೇ ಹೇಳುವಂತೆ ಬೇಡಿ, ಬರೆದುಕೊಳ್ಳಲಿ. ಮಂಗರಸನು ಪಾಕಗಳನ್ನು ಬರೆದಿಟ್ಟನು. ಕಳಲೆ ತಂದವರ ಹೆಸರನ್ನು ಬರೆಯುವ ಕೆಲಸ ನಮ್ಮ ಪಾಲಿಗೆ ಉಳಿದಿದೆ.