ಸರೋದಿನ ಹಿಂದೆ ಹೋದ ಸಿನಿಮಾ

ಮೊನ್ನೆ ಮತ್ತೆ 'ಸಂಸ್ಕಾರ' ನೋಡಿದೆ. ಟೈಟಲ್ ಕಾರ್ಡಿನಲ್ಲಿ 'ಸಂಗೀತ: ರಾಜೀವ ತಾರಾನಾಥ' ಅಂತ ಬಂದಾಗ ಅನ್ನಿಸಿತು, ಈ ಹೆಸರನ್ನು ನಾವು ಸರೋದಿಗೆ ಮಾತ್ರ ಕಟ್ಟಿಹಾಕಿಬಿಟ್ಟಿದ್ದೇವಲ್ಲ ಅಂತ.

1932ರಲ್ಲಿ ಬೆಂಗಳೂರಿನಲ್ಲಿ ಹುಟ್ಟಿದ ಇವರು ಇಂಗ್ಲಿಷ್ ಮೇಷ್ಟ್ರು, ಅಲಿ ಅಕ್ಬರ್ ಖಾನರ ಶಿಷ್ಯ. ಗುರುಗಳೇ 1960ರಲ್ಲಿ ಸತ್ಯಜಿತ್ ರಾಯರ 'ದೇವಿ'ಗೆ ಸಂಗೀತ ಕೊಟ್ಟಿದ್ದರು. ಶಿಷ್ಯನ ಪಾಲಿಗೆ ಬಂದದ್ದು 1970ರ 'ಸಂಸ್ಕಾರ'. ಹಾಡಿಲ್ಲ, ಕುಣಿತವಿಲ್ಲ. ಸೆನ್ಸಾರಿನವರು ಮೊದಲು ತಡೆದ ಆ ಚಿತ್ರಕ್ಕೇ ಆಮೇಲೆ ಸ್ವರ್ಣಕಮಲ ಬಂತು!

ನಂತರ ಲಂಕೇಶರ 'ಪಲ್ಲವಿ'. ಕೇರಳದ ಅರವಿಂದನ್ ಕರೆದರು, 1977ರಲ್ಲಿ 'ಕಾಂಚನ ಸೀತಾ' ಆಯಿತು. 1981ರ 'ಪೋಕ್ಕುವೆಯಿಲ್' ಕಥೆಯಂತೂ ತಮಾಷೆಯದು. ಸಾಮಾನ್ಯವಾಗಿ ಚಿತ್ರ ಮುಗಿದ ಮೇಲೆ ಹಿನ್ನೆಲೆ ಸಂಗೀತ ಅಲ್ಲವೇ? ಇಲ್ಲಿ ಉಲ್ಟಾ. ಹರಿಪ್ರಸಾದ್ ಚೌರಾಸಿಯಾ ಅವರ ಕೊಳಲು, ಇವರ ಸರೋದ್ ಮುಂದೆ ನಡೆದವು. ದೃಶ್ಯಗಳು ಆ ಸ್ವರಗಳನ್ನು ಹಿಂಬಾಲಿಸಿದವು. 1991ರಲ್ಲಿ ಎಂ.ಟಿ. ವಾಸುದೇವನ್ ನಾಯರ್ ಅವರ 'ಕಡವು' ಚಿತ್ರಕ್ಕೂ ಇವರದೇ ಸಂಗೀತ.

ಇಂಥ ಚಿತ್ರಗಳಲ್ಲಿ ಗುನುಗಿಕೊಳ್ಳಲು ಹಾಡಿರುವುದಿಲ್ಲ. ರೇಡಿಯೋದಲ್ಲಿ ಕೇಳಿಬರುವುದಿಲ್ಲ, ಕ್ಯಾಸೆಟ್ಟಾಗಿ ಮನೆಗೂ ಬರುವುದಿಲ್ಲ. ಪ್ರಿಂಟ್ ಹಾಳಾದರೆ ಸಂಗೀತವೂ ಹೋದಂತೆಯೇ. ಸರೋದ್ ಕಛೇರಿಗಳ ಧ್ವನಿಮುದ್ರಣಗಳಾದರೂ ನಮ್ಮಲ್ಲಿವೆ...

2019ರಲ್ಲಿ ಅವರಿಗೆ ಪದ್ಮಶ್ರೀ ಬಂತು. 2024ರ ಜೂನ್ 11ರಂದು ಮೈಸೂರಿನಲ್ಲಿ ತೀರಿಕೊಂಡರು. ಮುಂದಿನ ಸಲ 'ಸಂಸ್ಕಾರ' ಹಾಕಿದಾಗ, ಒಂದೈದು ನಿಮಿಷ ಕಣ್ಣು ಮುಚ್ಚಿ ಕೇಳಿ ನೋಡಿ. ಏನನ್ನಿಸಿತು, ಹೇಳ್ತೀರಲ್ಲ?