ಲಾ ಕಾಲೇಜ್ ರಸ್ತೆಯಿಂದ ಕನ್ನಡ ಸಿನಿಮಾಕ್ಕೆ

ಕನ್ನಡ ಸಿನಿಮಾ ಸಂಗೀತ ಎಂದರೆ ನಮಗೆ ಮೊದಲು ನೆನಪಾಗುವುದು ಹಾಡುಗಳು. ಜಿ.ಕೆ. ವೆಂಕಟೇಶ್, ವಿಜಯಭಾಸ್ಕರ್, ರಾಜನ್-ನಾಗೇಂದ್ರ ಎಂದು ಹೆಸರು ಹೇಳುತ್ತಾ ಹೋಗುತ್ತೇವೆ. ಭಾಸ್ಕರ ಚಂದಾವರ್ಕರ್ ಹೆಸರು ಆ ಸಾಲಿನಲ್ಲಿ ಬರುವುದೇ ಇಲ್ಲ. ಆದರೆ ‘ವಂಶವೃಕ್ಷ’ (1971), ‘ತಬ್ಬಲಿಯು ನೀನಾದೆ ಮಗನೆ’ (1977), ‘ಒಂದಾನೊಂದು ಕಾಲದಲ್ಲಿ’ (1978), ಈ ಮೂರಕ್ಕೂ ಸಂಗೀತ ಕೊಟ್ಟವರು ಅವರೇ. ಅವರ ಕೆಲಸದ ಊರು ಮದರಾಸಲ್ಲ, ನಾವಿರುವ ಈ ಪುಣೆ. ಅಡ್ಡಹೆಸರಿನಲ್ಲಿರುವ ಚಂದಾವರ ಮಾತ್ರ ಉತ್ತರ ಕನ್ನಡದ ಹೊನ್ನಾವರ ತಾಲೂಕಿನದು.

1936ರಲ್ಲಿ ಹುಟ್ಟಿದ ಚಂದಾವರ್ಕರ್ ಸಿತಾರ್ ಕಲಿತದ್ದು ಪಂಡಿತ್ ರವಿಶಂಕರ್ ಬಳಿ. 1965ರಿಂದ ಸುಮಾರು ಹದಿನೈದು ವರ್ಷ ಲಾ ಕಾಲೇಜ್ ರಸ್ತೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ ಸಂಗೀತದ ಮೇಷ್ಟ್ರಾಗಿದ್ದರು. ಹಳೆಯ ಪ್ರಭಾತ್ ಸ್ಟುಡಿಯೋ ಇದ್ದ ಜಾಗ ಅದು. ಅಲ್ಲಿಂದ ಕಲಿತು ಹೊರಬಂದ ಕುಮಾರ್ ಶಹಾನಿ (‘ಮಾಯಾ ದರ್ಪಣ್’), ಮಲಯಾಳಂನ ಕೆ.ಜಿ. ಜಾರ್ಜ್ (‘ಸ್ವಪ್ನಾಡನಂ’), ಒಡಿಯಾದ ನೀರದ್ ಮಹಾಪಾತ್ರ (‘ಮಾಯಾ ಮಿರಿಗ’) ತಮ್ಮ ಚಿತ್ರಗಳಿಗೆ ಅವರ ಸಂಗೀತವನ್ನೇ ಬಯಸಿದರು. ಭಾಷೆ ಬೇರೆ ಬೇರೆ, ಮೇಷ್ಟ್ರು ಒಬ್ಬರೇ.

ಕನ್ನಡದ ನಂಟಿಗೆ ಇನ್ನೊಂದು ಎಳೆಯಿದೆ. 1970ರ ‘ಸಂಸ್ಕಾರ’ಕ್ಕೆ ಸಂಗೀತ ಕೊಟ್ಟವರು ಸರೋದ್‌ನ ರಾಜೀವ ತಾರಾನಾಥ, ಅಲಿ ಅಕ್ಬರ್ ಖಾನರ ಶಿಷ್ಯ. ಮರುವರ್ಷದ ‘ವಂಶವೃಕ್ಷ’ಕ್ಕೆ ರವಿಶಂಕರ್ ಶಿಷ್ಯ. ಇಬ್ಬರ ಗುರುಗಳೂ ಮೈಹರದ ಬಾಬಾ ಅಲ್ಲಾವುದ್ದೀನ್ ಖಾನರ ಬಳಿ ಕಲಿತವರು. ಇಬ್ಬರೂ ಸತ್ಯಜಿತ್ ರಾಯ್ ಚಿತ್ರಗಳಿಗೆ ಸಂಗೀತ ಕೊಟ್ಟವರು, ರವಿಶಂಕರ್ ‘ಪಥೇರ್ ಪಾಂಚಾಲಿ’ಗೆ, ಅಲಿ ಅಕ್ಬರ್ ‘ದೇವಿ’ಗೆ. ಕನ್ನಡದ ಹೊಸ ಅಲೆಯ ಚಿತ್ರಗಳು ಕಥೆಯನ್ನು ನಮ್ಮ ಅಗ್ರಹಾರಗಳಿಂದ ತಂದವು, ನಾದವನ್ನು ಮೈಹರದಿಂದ. ಇದನ್ನು ಕಾಕತಾಳೀಯ ಎಂದು ಬಿಟ್ಟುಬಿಡಲು ನನಗೆ ಮನಸ್ಸಿಲ್ಲ. ಹಾಡಿಗೆ ರಾಗ ಹಾಕುವವರಿಗಿಂತ ಮೌನ ಬಲ್ಲ ವಾದಕರು ಆ ನಿರ್ದೇಶಕರಿಗೆ ಬೇಕಿದ್ದರು. ‘ವಂಶವೃಕ್ಷ’ದ ಇಬ್ಬರು ನಿರ್ದೇಶಕರಲ್ಲಿ ಒಬ್ಬರಾದ ಬಿ.ವಿ. ಕಾರಂತರು ತಾವೇ ದೊಡ್ಡ ಸಂಗೀತ ಸಂಯೋಜಕರು (ಮುಂದೆ ‘ಋಷ್ಯಶೃಂಗ’, ‘ಘಟಶ್ರಾದ್ಧ’ಗಳ ಸಂಗೀತಕ್ಕೆ ರಾಷ್ಟ್ರಪ್ರಶಸ್ತಿ ಪಡೆದರು). ಅಂಥವರ ಚಿತ್ರಕ್ಕೇ ಪುಣೆಯ ಮೇಷ್ಟ್ರು ಸಂಗೀತ ಕೊಟ್ಟರೆಂಬುದನ್ನು ಗಮನಿಸಬೇಕು. ಇನ್ನೊಬ್ಬ ನಿರ್ದೇಶಕ ಗಿರೀಶ ಕಾರ್ನಾಡರು ಕೆಲವೇ ವರ್ಷಗಳಲ್ಲಿ ಅದೇ ಇನ್‌ಸ್ಟಿಟ್ಯೂಟಿನ ಮುಖ್ಯಸ್ಥರಾಗಿ ಪುಣೆಗೆ ಬಂದರು. ಕುರೊಸಾವಾ ಗುಂಗಿನಲ್ಲಿ ಅವರು ತೆಗೆದ, ಶಂಕರ್‌ನಾಗ್ ಮೊದಲು ಕಾಣಿಸಿಕೊಂಡ ‘ಒಂದಾನೊಂದು ಕಾಲದಲ್ಲಿ’ ಚಿತ್ರಕ್ಕೂ ಚಂದಾವರ್ಕರರೇ.

ಮರಾಠಿಗರು ಅವರನ್ನು ಮರೆತಿಲ್ಲ. 1972ರ ಡಿಸೆಂಬರಿನಲ್ಲಿ ಪುಣೆಯಲ್ಲಿ ರಂಗಕ್ಕೆ ಬಂದ ತೆಂಡೂಲ್ಕರರ ‘ಘಾಶೀರಾಮ್ ಕೋತ್ವಾಲ್’ಗೆ ಕೀರ್ತನೆ, ಲಾವಣಿಗಳನ್ನು ಬೆರೆಸಿ ಸಂಗೀತ ಕಟ್ಟಿದವರು ಅವರು. ಜಬ್ಬಾರ್ ಪಟೇಲರ ‘ಸಾಮ್ನಾ’ ಚಿತ್ರದಲ್ಲಿ ಆರತಿ ಪ್ರಭು ಬರೆದು ರವೀಂದ್ರ ಸಾಠೆ ಹಾಡಿದ ಗೀತೆಯನ್ನು ಇಲ್ಲಿಯವರು ಈಗಲೂ ಗುನುಗುತ್ತಾರೆ. ಕನ್ನಡದಲ್ಲಿ ಅವರಿಗೆ ಅಂಥ ಒಂದು ಹಾಡು ದಕ್ಕಲಿಲ್ಲ. 2009ರ ಜುಲೈ 26ರಂದು ಅವರು ಪುಣೆಯಲ್ಲೇ ತೀರಿಕೊಂಡರು.