ನಾಸ್ಕಾ: ನೆಲದ ಮೇಲಿನ ಚಿತ್ರಗಳು

ಪೆರು ದೇಶದ ರಾಜಧಾನಿ ಲಿಮಾದಿಂದ ದಕ್ಷಿಣಕ್ಕೆ ಸುಮಾರು 400 ಕಿ.ಮೀ. ಸಾಗಿದರೆ ನಾಸ್ಕಾ ಮರುಭೂಮಿ ಸಿಗುತ್ತದೆ. ಹೆದ್ದಾರಿಯ ಬದಿಯಲ್ಲಿರುವ ವೀಕ್ಷಣಾ ಗೋಪುರವನ್ನು ಹತ್ತಿ, ಮಾರ್ಗದರ್ಶಕರು ತೋರಿಸುವತ್ತ ನೋಡಿ. ನೆಲದ ಮೇಲೆ ಒಂದು ಮರ, ಒಂದು ಜೊತೆ ಕೈ ಕಾಣುತ್ತವೆ. ಪಕ್ಕದ ಹಲ್ಲಿಯ ಚಿತ್ರವನ್ನು ಹೆದ್ದಾರಿಯೇ ಎರಡಾಗಿ ತುಂಡರಿಸಿದೆ.

ಇವನ್ನು ರಚಿಸಿದ್ದು ಹೇಗೆ? ಇಲ್ಲಿನ ಕಲ್ಲುಗಳ ಮೇಲೆ ಕಬ್ಬಿಣದ ಆಕ್ಸೈಡಿನ ಕೆಂಗಂದು ಲೇಪವಿದೆ. ಅವನ್ನು ಬದಿಗೆ ಸರಿಸಿದರೆ ಕೆಳಗಿನ ತಿಳಿಬಣ್ಣದ ಮಣ್ಣು ಗೆರೆಯಾಗಿ ಕಾಣುತ್ತದೆ. ಮಳೆ ಅತ್ಯಲ್ಪವಾದ್ದರಿಂದ, ಸುಮಾರು ಕ್ರಿ.ಪೂ. 500ರಿಂದ ಕ್ರಿ.ಶ. 500ರವರೆಗೆ ಎಳೆದ ಗೆರೆಗಳು ಇಂದಿಗೂ ಉಳಿದಿವೆ.

ಏಕೆ ಎಳೆದರು? 1941ರ ಜೂನ್‌ನಲ್ಲಿ, ಅಯನ ಸಂಕ್ರಾಂತಿಯ ವೇಳೆಗೆ, ಒಂದು ಗೆರೆಯ ನೇರಕ್ಕೆ ಸೂರ್ಯ ಮುಳುಗುವುದನ್ನು ಪಾಲ್ ಕೊಸಾಕ್ ಕಂಡರು. ಗಣಿತಜ್ಞೆ ಮರಿಯಾ ರೈಖೆ (1903–1998) ಇದನ್ನು ಬೃಹತ್ ಪಂಚಾಂಗವೆಂದು ನಂಬಿ ದಶಕಗಳ ಕಾಲ ಅಳತೆ ಮಾಡಿದರು. ಆದರೆ 1968ರಲ್ಲಿ ಜೆರಾಲ್ಡ್ ಹಾಕಿನ್ಸ್ ಕಂಪ್ಯೂಟರಿನಿಂದ ಪರೀಕ್ಷಿಸಿದಾಗ ಹೆಚ್ಚಿನ ಗೆರೆಗಳು ಹೊಂದಲಿಲ್ಲ. ಎಲ್ಲ ದಿಕ್ಕಿಗೂ ಗೆರೆಗಳಿದ್ದರೆ ಕೆಲವು ಆಕಸ್ಮಿಕವಾಗಿಯೂ ಸೂರ್ಯನತ್ತ ಇರುತ್ತವೆ ಎಂಬುದನ್ನು ವಿದ್ಯಾರ್ಥಿಗಳು ಗಮನಿಸಬೇಕು.

ಪಟ್ಟಣದ ಆಂಟೊನೀನಿ ವಸ್ತುಸಂಗ್ರಹಾಲಯವನ್ನೂ ತಪ್ಪದೆ ನೋಡಿ. ಅಲ್ಲಿ ಕಹುವಾಚಿ ಉತ್ಖನನದ ವಸ್ತುಗಳಿವೆ. ನಾಸ್ಕಾ ಜನರ ಮಡಕೆಗಳ ಮೇಲೂ ನೆಲದ ಮೇಲಿನಂಥದೇ ಹಕ್ಕಿ, ತಿಮಿಂಗಿಲಗಳಿವೆ. ಚಿತ್ರಗಳನ್ನು ಬಿಡಿಸಿದವರು ಅನ್ಯಗ್ರಹದವರಲ್ಲ, ಇದೇ ನೆಲದ ಜನರು ಎಂಬುದಕ್ಕೆ ಇದು ಪುರಾವೆ.

ಕೃತಕ ಬುದ್ಧಿಮತ್ತೆಯ ನೆರವಿನಿಂದ 303 ಹೊಸ ಚಿತ್ರಗಳು ಪತ್ತೆಯಾದುದನ್ನು ಸಂಶೋಧಕರು 2024ರಲ್ಲಿ ಪ್ರಕಟಿಸಿದರು. ಆದರೆ 2018ರಲ್ಲಿ ದಾರಿ ಬಿಟ್ಟು ನುಗ್ಗಿದ ಒಂದೇ ಲಾರಿ ಮೂರು ಚಿತ್ರಗಳನ್ನು ಹಾಳುಗೆಡವಿತ್ತು. ಗೆರೆಗಳನ್ನು ಕಾಪಾಡಿದ ಒಣ ನೆಲ ನಮ್ಮ ಹೆಜ್ಜೆಗುರುತನ್ನೂ ಅಷ್ಟೇ ಕಾಲ ಕಾಪಾಡುತ್ತದೆ. ಆದ್ದರಿಂದ ಗೋಪುರದಿಂದಲೇ ನೋಡಿ, ಕೆಳಗಿಳಿದು ನಡೆಯಬೇಡಿ.